ಹೆಬ್ಬೆಟ್ಟು

ಒರೆಸಿಕೊಂಡು ಇನ್ನೊಂದ್ಸಲ ಮಡಗು ತಾತ, ಅಂದೆ.
ಪಂಚೆಗೆ ಒರೆಸಿ ಇಟ್ಟ. ಕೆಂಪು ದೀಪ.
ಎಡಗೈದು ಇಡು. ಅದಕ್ಕೂ ಕೆಂಪು.
ಗುತ್ತಲು ರಸ್ತೆಯ ನನ್ನ ನ್ಯಾಯಬೆಲೆ ಅಂಗಡಿಯ ಮುಂದೆ
ಕ್ಯೂ ಆಗಲೇ ಹಾಲಿನ ಬೂತು ದಾಟಿತ್ತು,
ಹಿಂದಿನವರು ಗೊಣಗುತ್ತಿದ್ದರು,
ಮಿಷನ್ನು ಮಾತ್ರ ತಣ್ಣಗೆ
ಈ ಬೆರಳು ಈ ಮನುಷ್ಯನದಲ್ಲ ಅನ್ನುತ್ತಲೇ ಇತ್ತು.

ನಾನೇ ಒತ್ತಿಸೋಣವೆಂದು ಅವನ ಕೈ ಎಳೆದುಕೊಂಡೆ.
ಉಗುರು ನೋಡಿದ ಮೇಲೆ ಗೊತ್ತಾಯಿತು.
ಎರಡು ಸೀಳಾಗಿ ಬೆಳೆದ ಉಗುರು,
ನಡುವೆ ಒಂದು ಕಪ್ಪು ಗೀಟು.
ಮುಖ ಮರೆತಿದ್ದೆ. ಇದನ್ನು ಮರೆತಿರಲಿಲ್ಲ.

ಮಂಡ್ಯದ ಬೆಲ್ಲದ ಮಂಡಿ. ನನಗಾಗ ಒಂಬತ್ತು.
ಬೂದನೂರಿಂದ ರಾತ್ರಿಯೇ ಗಾಡಿ ಕಟ್ಟಿಕೊಂಡು ಬಂದ ಅಪ್ಪ
ಮೂಟೆಯ ಮೇಲೇ ಕೂತು ತೂಕಡಿಸುತ್ತಿದ್ದ.
ತೂಕದ ಮೊಗಣ್ಣ ಒಂದು ಅನ್ನುತ್ತಿರಲಿಲ್ಲ,
ಲಾಭ ಎಂದೇ ಎಣಿಕೆ ಶುರು.
ಲಾಭ, ಎರಡು, ಮೂರು…
ಅವನು ತಕ್ಕಡಿಯ ಹಿಂದೆ ಬಗ್ಗಿದಾಗ
ನನ್ನ ಕಣ್ಣಿನ ಎತ್ತರಕ್ಕೆ ಸರಿಯಾಗಿ
ಕಲ್ಲಿನ ತಟ್ಟೆಯ ಅಂಚಿಗೆ ಈ ಹೆಬ್ಬೆಟ್ಟು
ನೊಣ ಕೂತ ಹಾಗೆ ಕೂರುತ್ತಿತ್ತು.

ಅಪ್ಪಾ, ಅವನ ಬೆರಳು! ಎಂದೆ ಗಟ್ಟಿಯಾಗಿ.
ಅಪ್ಪ ನನ್ನ ಬೆನ್ನಿಗೇ ಒಂದು ಬಿಟ್ಟ.
ದಾರಿಯಲ್ಲಿ ಕಡಲೆಪುರಿ ಕೊಡಿಸಿ ಹೇಳಿದ:
ಅವ್ನು ಬೆಳ್ಳು ಮಡಗ್ತಾನೆ. ನಾನು ಬೆಲ್ಲ ಹೊಳೀಲಿ ಅಂತ
ಕೊಪ್ಪರಿಗೆಗೆ ಬಿಳೀ ಪುಡಿ ಹಾಕಲ್ವಾ?
ಅವ್ನಿಗೂ ಗೊತ್ತು, ನಂಗೂ ಗೊತ್ತು.
ನಿಂಗೊಬ್ಬಳ್ಗೆ ಯಾಕವ್ವಾ ಉರಿ?

ಉರಿ ಇತ್ತು. ಬಹಳ ವರ್ಷ ಇತ್ತು.
ಸ್ಲೇಟಿನ ಮೇಲೆ ತಕ್ಕಡಿ ಬರೆದು
ಪಕ್ಕದಲ್ಲಿ ಕೈಯಿಲ್ಲದ ಮನುಷ್ಯನನ್ನು ನಿಲ್ಲಿಸುತ್ತಿದ್ದೆ.
ಆಮೇಲೆ ಯಾವಾಗ ಆರಿತೋ ಕಾಣೆ.
ಒಲೆ ಆರಿದ್ದು ಗೊತ್ತಾಗುವುದು
ಬೂದಿ ಬಳಿಯುವ ಕೈ ಸುಡದಿದ್ದಾಗ ತಾನೆ.

ಮೊಗಣ್ಣ ಈಗ ಬೇರೆಯೇ ಮನುಷ್ಯ ಅನ್ನುತ್ತದೆ ಬೀದಿ.
ಮಂಡಿಗೆ ಕರೆಂಟಿನ ತಕ್ಕಡಿ ಬಂದ ವರ್ಷವೇ ಕೆಲಸ ಬಿಟ್ಟನಂತೆ,
ನಾಯಿಗಳಿಗೆ ಬನ್ನು ಹಾಕುತ್ತಾನಂತೆ,
ಯಾರದೋ ಮೊಮ್ಮಕ್ಕಳನ್ನು ಜಗಲಿಗೆ ಕರೆದು
ಎಣಿಕೆ ಕಲಿಸುತ್ತಾನಂತೆ, ಈಗಲೂ ಲಾಭದಿಂದಲೇ.
ಬದಲಾದನೋ,
ಬೆರಳಿಡಲು ಜಾಗ ಸಿಗಲಿಲ್ಲವೋ?
ಕೇಳಿದರೆ ಅವನಿಗೂ ಗೊತ್ತಿರಲಿಕ್ಕಿಲ್ಲ.
ಮಿಷನ್ನಿಗಂತೂ ಗೊತ್ತಿಲ್ಲ.
ಅಚ್ಚುಬೆಲ್ಲ ಎತ್ತಿ ಇಳಿಸಿ ಎತ್ತಿ
ಗೆರೆಯೆಲ್ಲ ಸವೆದು ಹೊಳೆಗಲ್ಲಾಗಿದೆ ಹೆಬ್ಬೆಟ್ಟು.

ಕೊನೆಗೆ ಅವನ ಸೊಸೆಯ ಫೋನಿಗೆ ಆರಂಕಿ ಬಂದು
ಅವನು ಅವನೇ ಎಂದು ಸಾಬೀತಾಯಿತು.
ಅಕ್ಕಿ ತುಂಬಿದ ನೀಲಿ ಬಕೆಟ್ಟನ್ನು ತಕ್ಕಡಿಗಿಟ್ಟೆ.
ಐದು, ಚುಕ್ಕಿ, ಮೂರು ಸೊನ್ನೆ.
ಹಸಿರು ಅಂಕಿ, ಎಲ್ಲರಿಗೂ ಕಾಣುವಂತೆ.
ಚೀಲಕ್ಕೆ ಸುರಿದು, ಮುಂದಿನವರು ಬನ್ನಿ ಅಂದೆ.

ಅವನು ಕದಲಲಿಲ್ಲ.
ಖಾಲಿ ಬಕೆಟ್ಟು ನೋಡಿದ. ತಕ್ಕಡಿ ನೋಡಿದ.
ನನ್ನ ಮುಖವನ್ನು ಆಗಷ್ಟೇ ಮೊದಲ ಸಲ ನೋಡಿದ.
ಕ್ಯೂನಲ್ಲಿದ್ದವರಿಗೆ ಕೇಳದಷ್ಟು ಮೆಲ್ಲಗೆ,
ಬಕೆಟ್ಟೇ ಮುನ್ನೂರು ಗ್ರಾಂ ಬತ್ತದೆ ಕನವ್ವ, ಅಂದ.
ಸಿಟ್ಟಿರಲಿಲ್ಲ ದನಿಯಲ್ಲಿ.
ಕಸುಬು ಬಿಟ್ಟವನು ಕಸುಬಿನವರೊಂದಿಗೆ
ಹವಾಮಾನ ಮಾತಾಡುವ ಧಾಟಿ.
ಚೀಲ ಹೆಗಲಿಗೇರಿಸಿ ಎರಡು ಹೆಜ್ಜೆ ಹೋದವನು
ತಿರುಗಿ ಕೇಳಿದ:
ನೀನು ಬೂದನೂರು ಅಂಕಯ್ಯನ ಮಗಳಲ್ವಾ?

ಹೌದು ಅಂದೆನೋ ಇಲ್ಲವೋ.
ಮುಂದಿನವಳು ಆಗಲೇ ಹೆಬ್ಬೆಟ್ಟು ಚಾಚಿದ್ದಳು,
ಹಸಿರು ದೀಪ ಹತ್ತಿತ್ತು.
ಅವಳ ಸೆರಗು ಹಿಡಿದು ನಿಂತಿದ್ದ ಹುಡುಗಿಯ ಕಣ್ಣು
ತಕ್ಕಡಿಯ ಎತ್ತರಕ್ಕೆ ಸರಿಯಾಗಿ ಇತ್ತು.
ಬಕೆಟ್ಟು ನನ್ನ ಕೈಯಲ್ಲೇ ಇತ್ತು, ಖಾಲಿ.